ಜೀವಾಳದ ದಾರ

ಅರಸೀಕೆರೆ ತಾಲ್ಲೂಕಿನ ನಮ್ಮ ಪ್ರೌಢಶಾಲೆಯಲ್ಲಿ ನಾನು ಒಂಬತ್ತನೆಯ ತರಗತಿಯಲ್ಲಿದ್ದಾಗ ಕನ್ನಡ ಮೇಷ್ಟ್ರು ಇನ್ನೂರು ಪುಟದ ನೋಟ್‌ಬುಕ್ಕೊಂದನ್ನು ಕೈಗಿಟ್ಟು, "ಹಿಂದಿನ ತೋಟದ ಅಜ್ಜನ ಹತ್ತಿರ ಕುಳಿತು ತತ್ವಪದ ಬರೆದುಕೊಂಡು ಬಾ" ಎಂದರು. ಅನುಭಾವದ ಹಾಡುಗಳಾದ ತತ್ವಪದಗಳನ್ನು ಕಟ್ಟಿದ ಶಿಶುನಾಳ ಶರೀಫರ (1819–1889) ಹೆಸರು ಕೇಳಿದ್ದೆ. ಅಂಥ ಪದಗಳು ನಮ್ಮೂರಿನ ಭಜನೆಮನೆಯಲ್ಲೂ ಇವೆ ಎಂಬುದು ಹೊಳೆದಿರಲಿಲ್ಲ.

ಅಜ್ಜ ಹಗಲಿಡೀ ಕೊಬ್ಬರಿ ಸುಲಿಯುತ್ತಿದ್ದರು. ಸಂಜೆ ಕೈಕಾಲು ತೊಳೆದು ಗೂಟದಿಂದ ಏಕತಾರಿ ಇಳಿಸುತ್ತಿದ್ದರು. ಒಣಗಿದ ಸೋರೆಬುರುಡೆ, ಬಿದಿರಿನ ಕೋಲು, ಒಂದೇ ತಂತಿ. ಶ್ರುತಿ ಕೂಡಿದ ಮೇಲೂ ಒಂದು ಕೆಲಸ ಉಳಿಯುತ್ತಿತ್ತು. ಪಂಚೆಯ ಅಂಚಿನಿಂದ ಒಂದೆಳೆ ದಾರ ಎಳೆದು, ಬೆರಳಲ್ಲಿ ಹೊಸೆದು, ಕುದುರೆಯ, ಎಂದರೆ ತಂತಿಯನ್ನು ಎತ್ತಿ ಹಿಡಿಯುವ ಪುಟ್ಟ ತುಂಡಿನ, ಮೇಲೆ ತಂತಿಯ ಕೆಳಗೆ ತೂರಿಸಿ ಕೂದಲೆಳೆಯಷ್ಟು ಹಿಂದೆ ಮುಂದೆ ಸರಿಸುವರು. ಎಲ್ಲೋ ಒಂದು ಕಡೆ ತಂತಿ ಗುಂಯ್ ಎಂದು ತುಂಬಿಕೊಳ್ಳುತ್ತಿತ್ತು. "ಇದೇ ಜೀವಾಳ" ಎನ್ನುತ್ತಿದ್ದರು.

ಅಜ್ಜನಿಗೆ ಪದವನ್ನು ಬರಿದೇ ಹೇಳಲು ಬರುತ್ತಿರಲಿಲ್ಲ, ಹಾಡಬೇಕು. ಮೂರನೆಯ ನುಡಿಯಲ್ಲಿ ನಾನೊಂದು ಮಾತು ತಪ್ಪಿಸಿಕೊಂಡರೆ ಮತ್ತೆ ಪಲ್ಲವಿಯಿಂದಲೇ ಎತ್ತಿಕೊಳ್ಳುವರು. ಪದದ ಕೊನೆಯಲ್ಲಿ ಗುರುವನ್ನು ನೆನೆಯುವ ಅಂಕಿತ ಬಂದಾಗ ಕಣ್ಣು ಮುಚ್ಚಿ ಬೆರಳನ್ನೂ ನಿಧಾನಿಸುವರು. ಗುರುವಿನ ಹೆಸರನ್ನು ಅವರು ಅವಸರದಲ್ಲಿ ಹಾಡಿದ್ದನ್ನು ನಾನು ಒಮ್ಮೆಯೂ ಕೇಳಲಿಲ್ಲ. ಮೇಷ್ಟ್ರು ನನ್ನ ಕಾಗುಣಿತ ತಿದ್ದುತ್ತಿದ್ದರು. ಅಜ್ಜನ ಮಾತನ್ನು ಗ್ರಂಥದ ಮಾತು ಮಾಡಲು ಹೋದರೆ ಗದರುತ್ತಿದ್ದರು. ಅದಕ್ಕಾಗಿ ಇಂದಿಗೂ ಅವರಿಗೆ ಕೈಮುಗಿಯುತ್ತೇನೆ.

ಅಮಾವಾಸ್ಯೆಯ ಭಜನೆಗೆ ಅಜ್ಜ ನನ್ನನ್ನೂ ಹಿಮ್ಮೇಳದಲ್ಲಿ ಕೂರಿಸಿದರು. ಅವರು ಎತ್ತಿಕೊಟ್ಟ ಸೊಲ್ಲನ್ನು ತಾಳ, ದಮ್ಮಡಿಗಳ ನಡುವೆ ಹತ್ತು ಕೊರಳು ಮರಳಿ ಹಾಡುವಾಗ, ಬರೆಯುವಾಗ ಗಂಟಾಗಿದ್ದ ಸಾಲು ತಾನಾಗಿ ಬಿಡಿಸಿಕೊಳ್ಳುತ್ತಿತ್ತು. ಸಾವಿನ ಮನೆಯಲ್ಲೂ ಇವೇ ಪದಗಳು. ಅಜ್ಜ ತೀರಿಕೊಂಡ ರಾತ್ರಿ ಬೆಳಗಿನವರೆಗೆ ಅವರು ಕಲಿಸಿದ್ದನ್ನೇ ಅವರೆದುರು ಹಾಡಿದೆವು.

ಈಗ ಹುಡುಗರು ಬೆಂಗಳೂರು ಸೇರಿದ್ದಾರೆ. ಭಜನೆಮನೆಯಲ್ಲಿ ಧ್ವನಿವರ್ಧಕಕ್ಕೆ ಮೊಬೈಲ್ ಸಿಕ್ಕಿಸಿರುತ್ತಾರೆ. ಕುಳಿತವರು ಕೇಳುತ್ತಾರೆ, ಸೊಲ್ಲು ಮರಳಿಸುವವರಿಲ್ಲ. ನನಗೆ ಕರುಳು ಚುರುಕ್ಕೆನ್ನುವುದು ಅಲ್ಲಿ. ಬೆಂಗಳೂರಿನ ಕನಕದಾಸ ಅಧ್ಯಯನ ಕೇಂದ್ರ ನಾಡಿನ ತತ್ವಪದಗಳನ್ನು ಸಂಪುಟಗಳಲ್ಲಿ ಅಚ್ಚು ಹಾಕಿಸಿ ಮಹದುಪಕಾರ ಮಾಡಿದೆ. ಮಟ್ಟು, ಎಂದರೆ ಹಾಡುವ ಧಾಟಿ, ಉಳಿಯಬೇಕಾದರೆ ಮಾತ್ರ ಒಬ್ಬರೆದುರು ಒಬ್ಬರು ಕೂರಲೇಬೇಕು.

ಆ ನೋಟ್‌ಬುಕ್ಕನ್ನು ಶಾಲೆಯ ಗ್ರಂಥಾಲಯಕ್ಕೆ ಕೊಡುತ್ತಿದ್ದೇನೆ. 41 ಪದಗಳಿವೆ. 17ನೆಯದರ ಮಟ್ಟು ನನಗೆ ಮರೆತುಹೋಗಿದೆ. ಜಾವಗಲ್ಲಿಗೆ ಮದುವೆಯಾಗಿ ಹೋದ ಅಜ್ಜನ ಮೊಮ್ಮಗಳಿಗೆ ಅದು ಬರುತ್ತದಂತೆ. ಶ್ರಾವಣದ ಮೊದಲ ಸೋಮವಾರ ಅಲ್ಲಿಗೆ ಹೋಗಿ, ಅವಳೆದುರು ಕುಳಿತು ಕಲಿತು ಬರುತ್ತೇನೆ.