ಇಲ್ಲದ ವಿದ್ಯಾಪೀಠದ ಪಠ್ಯಕ್ರಮ

ಕೆಲವು ತಿಂಗಳಿಂದ ಒಂದು ಕಥೆ ಬರೆಯಲು ಹೆಣಗುತ್ತಿದ್ದೇನೆ. ನಾದವು ಕಾಲದ ಮೇಲೆ ಏನು ಪರಿಣಾಮ ಬೀರಬಲ್ಲದು ಎಂಬುದೊಂದನ್ನೇ ಅಧ್ಯಯನ ಮಾಡುವ ವಿದ್ಯಾಪೀಠವೊಂದರಲ್ಲಿ ಆ ಕಥೆ ನಡೆಯುತ್ತದೆ. ಮೊದಲ ಕರಡಿನಲ್ಲಿ ಅಲ್ಲಿನ ಪ್ರಾಧ್ಯಾಪಕರು ಶಂಖ ಊದಿದೊಡನೆ ಊರಿನ ಗಡಿಯಾರಗಳೆಲ್ಲ ನಿಂತುಬಿಡುತ್ತಿದ್ದವು. ಮರುದಿನ ಓದಿದಾಗ ನನಗೇ ನಾಚಿಕೆಯಾಯಿತು. ಹಾಗಾಗಿ ವಿದ್ಯಾಪೀಠ ಕಲ್ಪನೆಯದಾದರೂ ಅಲ್ಲಿ ಕಲಿಸುವ ಪಾಠಗಳಲ್ಲಿ ಒಂದೂ ಸುಳ್ಳಿರಬಾರದು ಎಂದು ನಿಯಮ ಹಾಕಿಕೊಂಡು, ಕಥೆಯನ್ನು ಬದಿಗಿಟ್ಟು ಪಠ್ಯಕ್ರಮ ಬರೆಯಲು ಕುಳಿತೆ.

ಮೊದಲ ಪಾಠಕ್ಕೆ ಹೆಚ್ಚು ಹುಡುಕಬೇಕಾಗಲಿಲ್ಲ. ಸುಮಾರು 499ರಲ್ಲಿ ರಚಿತವಾದ ಆರ್ಯಭಟನ ಖಗೋಳಗ್ರಂಥ ಆರ್ಯಭಟೀಯದ ಕಾಲಕ್ರಿಯಾಪಾದದಲ್ಲಿ, ಅಂದರೆ ಕಾಲಗಣನೆಯ ಅಧ್ಯಾಯದಲ್ಲಿ, 60 ಗುರ್ವಕ್ಷರಗಳನ್ನು ಉಚ್ಚರಿಸಲು ಹಿಡಿಯುವ ಹೊತ್ತೇ ಒಂದು ವಿನಾಡಿಕೆ ಎಂದು ಹೇಳಿದೆ. ವಿನಾಡಿಕೆಯೆಂದರೆ ನಮ್ಮ ಪಂಚಾಂಗದ ವಿಗಳಿಗೆ, ಸುಮಾರು 24 ಸೆಕೆಂಡು. ಆ ಲೆಕ್ಕದಲ್ಲಿ ಒಂದು ಗುರುವಿಗೆ 0.4 ಸೆಕೆಂಡು. ಶಾಲೆಯ ಛಂದಸ್ಸಿನ ಪಾಠದಲ್ಲಿ ಲಘುವಿಗೆ ಒಂದು ಮಾತ್ರೆ, ಗುರುವಿಗೆ ಎರಡು ಮಾತ್ರೆ ಎಂದು ಗೀಟು ಹಾಕುತ್ತಿದ್ದಾಗ, ಕಾಲದ ಅಳತೆಗೋಲನ್ನೇ ಬಾಯಲ್ಲಿ ಹಿಡಿದಿದ್ದೇವೆಂದು ನಮಗೆ ಯಾರೂ ಹೇಳಿರಲಿಲ್ಲ. ಉಚ್ಚಾರಣೆಯ ಶಾಸ್ತ್ರಗ್ರಂಥವಾದ ಪಾಣಿನೀಯ ಶಿಕ್ಷೆಯಂತೂ ಈ ಅಳತೆಯನ್ನು ಪ್ರಾಣಿಗಳ ಕೊರಳಿಗೇ ಒಪ್ಪಿಸಿದೆ: ನೀಲಕಂಠದ ಕೂಗು ಒಂದು ಮಾತ್ರೆ, ಕಾಗೆಯದು ಎರಡು, ನವಿಲಿನದು ಮೂರು, ಮುಂಗುಸಿಯದು ಅರ್ಧ. ಕರ್ನಾಟಕದ ರಾಜ್ಯಪಕ್ಷಿಯಾದ ಈ ನೀಲಕಂಠ ಒಂದು ಮಾತ್ರೆಯ ಹಕ್ಕಿಯೆಂಬುದು ನನಗೆ ಅಕಾರಣವಾಗಿ ಸಂತೋಷ ಕೊಟ್ಟ ಸಂಗತಿ.

ಕಾಗೆಯ ‘ಕಾ’ ಎರಡು ಮಾತ್ರೆಯಾದರೆ ಅದು ಗುರುವೇ ತಾನೆ? ಒಲೆಯ ಮೇಲೆ ಹಾಲಿಟ್ಟು, ಮೊಬೈಲಿನ ಸ್ಟಾಪ್‌ವಾಚ್ ಒತ್ತಿ, 60 ಸಲ ‘ಕಾ’ ಎಂದೆ. ಮೊದಲ ಸಲ 19 ಸೆಕೆಂಡಿಗೇ ಮುಗಿಯಿತು. ಎರಡನೆಯ ಸಲ ಎಚ್ಚರದಿಂದ ಎಳೆದೆಳೆದು ಹೇಳಿದ್ದರಿಂದ 27 ಆಯಿತು. ಮೂರನೆಯ ಸಲಕ್ಕೆ ಹಾಲು ಉಕ್ಕಿತು.

ಎರಡನೆಯ ಪಾಠ ಪ್ರಯೋಗಶಾಲೆಯದು. ಲಾಡನ್ ಶಮ್ಸ್, ಯುಕಿಯಾಸು ಕಮಿತಾನಿ ಮತ್ತು ಶಿನ್ಸುಕೆ ಶಿಮೋಜೊ 2000ದಲ್ಲಿ ನೇಚರ್ ಪತ್ರಿಕೆಯಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಬೆಳಕು ಒಂದೇ ಸಲ ಮಿಂಚಿದರೂ ಜೊತೆಗೆ ಎರಡು ಬೀಪ್ ಕೇಳಿಸಿದರೆ, ನೋಡುವವರಿಗೆ ಅದು ಎರಡು ಸಲ ಮಿಂಚಿದಂತೆ ಕಾಣುತ್ತಿತ್ತು. ಹೊತ್ತಿನ ವಿಚಾರದಲ್ಲಿ ಕಣ್ಣು ಕಿವಿಯ ಮಾತು ಕೇಳುತ್ತದೆ ಎಂದಾಯಿತು. ಇನ್ನು ಗಡಿಯಾರಗಳ ವಿಷಯ: ಒಂದೇ ತೊಲೆಗೆ ತೂಗುಹಾಕಿದ ಎರಡು ಗಡಿಯಾರಗಳ ಲೋಲಕಗಳು ಅರ್ಧ ಗಂಟೆಯೊಳಗೆ ಒಂದಕ್ಕೊಂದು ಎದುರುಬದುರಾಗಿ ಹೊಂದಿಕೊಳ್ಳುವುದನ್ನು ಡಚ್ ವಿಜ್ಞಾನಿ ಕ್ರಿಶ್ಚಿಯಾನ್ ಹೈಗನ್ಸ್ 1665ರಲ್ಲೇ ಕಂಡಿದ್ದರು. ಗೋಡೆಗೆ ಹಾಕಿದ ಗಡಿಯಾರಗಳ ಟಿಕ್ ಸದ್ದು ಗೋಡೆಯಲ್ಲೇ ಹಾದು ಪಕ್ಕದ ಲೋಲಕವನ್ನು ಚೂರುಚೂರೇ ತಳ್ಳಿ ಹೀಗೆ ಮಾಡಬಲ್ಲದು ಎಂದು ಪೋರ್ಚುಗಲ್‌ನ ಇಬ್ಬರು ಸಂಶೋಧಕರು 2015ರಲ್ಲಿ ವಿವರಿಸಿದರು. ನನ್ನ ಶಂಖದ ಕನಸಿಗೆ ವಾಸ್ತವದಲ್ಲಿ ಸಿಕ್ಕ ಸಮಾಧಾನ ಇಷ್ಟೇ.

ಆದರೆ ಬರೆಯುತ್ತ ಹೋದಂತೆ, ನಾನು ಕಲ್ಪಿಸಿಕೊಳ್ಳುತ್ತಿದ್ದ ವಿದ್ಯಾಪೀಠಕ್ಕೆ ನಾನು ವಾರಕ್ಕೆರಡು ದಿನ ಹೋಗಿಬರುತ್ತಲೇ ಇದ್ದೇನೆ ಎಂಬುದು ಅರಿವಿಗೆ ಬಂತು. ಮೃದಂಗದ ಮೇಷ್ಟ್ರ ಮನೆಯ ಮಹಡಿಯ ಮೇಲಿನ ಆ ಕೋಣೆಯಲ್ಲಿ ಕಾಲವೆಂದರೆ ತತ್ತ್ವಶಾಸ್ತ್ರದ ಮಾತಲ್ಲ. ತಾಳಕ್ಕೆ ಜೀವವೆನಿಸುವ ಹತ್ತು ಲಕ್ಷಣಗಳಾದ ದಶಪ್ರಾಣಗಳಲ್ಲಿ ಮೊದಲನೆಯದು. ಅಲ್ಲಿ ಕಾಲ ನಿಲ್ಲುತ್ತದೆ, ಓಡುತ್ತದೆ, ಜಗ್ಗುತ್ತದೆ, ಒಂದನೆಯ ಕಾಲ ಎರಡನೆಯ ಕಾಲವಾಗುತ್ತದೆ, ಅಂದರೆ ವೇಗ ಇಮ್ಮಡಿಯಾಗುತ್ತದೆ. ಕೈ ಒಂದೇ ವೇಗದಲ್ಲಿ ತಾಳ ಹಾಕುತ್ತಿರುವಾಗ ಬಾಯಿ ಪ್ರತಿ ಎಣಿಕೆಗೆ ‘ತಕಧಿಮಿ’ಯ ಬದಲು ‘ತಕಿಟ’ ಎಂದರೆ ತಾಳ ನಿಧಾನವಾದಂತೆಯೂ, ‘ತಕತಕಿಟ’ ಎಂದರೆ ಅವಸರಕ್ಕೆ ಬಿದ್ದಂತೆಯೂ ಭಾಸವಾಗುತ್ತದೆ. ಗಡಿಯಾರಕ್ಕೆ ಇದಾವುದೂ ಗೊತ್ತಾಗುವುದಿಲ್ಲ.

ಕಳೆದ ವಾರದ ಪಾಠ ಸರಳವಾಗಿಯೇ ಇತ್ತು. ಆದಿತಾಳ ಹಾಕಬೇಕು: ಪೆಟ್ಟು, ಕಿರುಬೆರಳು, ಉಂಗುರಬೆರಳು, ನಡುಬೆರಳು, ಮತ್ತೆ ಪೆಟ್ಟು, ಹುಸಿ (ಅಂಗೈಯನ್ನು ಮೇಲ್ಮುಖ ಮಾಡುವುದು), ಪೆಟ್ಟು, ಹುಸಿ. ಈ ಎಂಟು ಎಣಿಕೆಯ ಒಂದು ಸುತ್ತೇ ಒಂದು ಆವರ್ತನ; ಎಣಿಕೆಗೆ ನಾಲ್ಕರಂತೆ ಆವರ್ತನಕ್ಕೆ 32 ಅಕ್ಷರ. ನಡೆಯನ್ನು ಚತುರಶ್ರದಲ್ಲೇ, ಅಂದರೆ ಎಣಿಕೆಗೆ ನಾಲ್ಕರಲ್ಲೇ, ಇಟ್ಟುಕೊಂಡು ಅದರ ಮೇಲೆ ‘ತಕಿಟ ತಕಿಟ’ ಎಂದು ಬಿಡದೆ ಹೇಳುತ್ತ ಹೋಗಬೇಕು. 32 ಮೂರರಿಂದ ಭಾಗವಾಗುವುದಿಲ್ಲವಾದ್ದರಿಂದ ಮೊದಲ ಆವರ್ತನ ಮುಗಿದಾಗ ಸಮಕ್ಕೆ, ಅಂದರೆ ಆವರ್ತನದ ಮೊದಲ ಪೆಟ್ಟಿಗೆ, ‘ಟ’ ಬರುತ್ತದೆ, ಎರಡನೆಯದು ಮುಗಿದಾಗ ‘ಕಿ’. ಮೂರು ಆವರ್ತನ ಪೂರ್ತಿಯಾಗಿ 32 ತಕಿಟಗಳು ಮುಗಿದ ಮೇಲಷ್ಟೇ ‘ತ’ ಮತ್ತೆ ಸಮಕ್ಕೆ ಸೇರುತ್ತದೆ. ಆ ನಡುವಿನ ಹೊತ್ತಿನಲ್ಲಿ ಬಾಯಿಯ ಕಾಲ ಬೇರೆ, ಕೈಯ ಕಾಲ ಬೇರೆ. ಎರಡಕ್ಕೂ ಒಡೆಯನಾದ ನಾನು ಎರಡರಲ್ಲೂ ಇರುವುದಿಲ್ಲ. ಮೂರನೆಯ ಆವರ್ತನದ ಕೊನೆಯ ದ್ರುತದಲ್ಲಿ, ಅಂದರೆ ಕೊನೆಯ ಪೆಟ್ಟು-ಹುಸಿಯ ಜೋಡಿಯಲ್ಲಿ, ಸಮ ಬಂತೆಂಬ ಉತ್ಸಾಹದಿಂದ ಹುಸಿಯನ್ನು ಬೇಗ ಎತ್ತಿದೆ. ‘ತ’ ಇನ್ನೂ ನಾಲಿಗೆಯಲ್ಲಿರುವಾಗಲೇ ಪೆಟ್ಟು ಬಿತ್ತು.

ಮೇಷ್ಟ್ರು ಕಣ್ಣು ತೆರೆಯದೆ, “ಕಾಲ ಓಡ್ತು. ಮೊದಲಿಂದ ಹೇಳಿ” ಅಂದರು.

ಕಥೆಯ ಪ್ರಾಧ್ಯಾಪಕರ ಕೈಯಿಂದ ಶಂಖ ಕಿತ್ತುಕೊಂಡು, ಸದ್ಯಕ್ಕೆ ಆ ಎರಡು ವಾಕ್ಯಗಳನ್ನು ಕೊಟ್ಟಿದ್ದೇನೆ.