ವೈರಿ ಅಲ್ಲವ್ವಾ, ಜ್ವಾಳ

ಹೋದ ರವಿವಾರದಿಂದ ಒಂದು ಪ್ರಶ್ನೆ ನನ್ನ ಕಿವಿ ಬಿಟ್ಟು ಹೋಗುತ್ತಿಲ್ಲ. "ಆಯೀ, ನಿಮ್ಮ ಅಂಗಳದ ಕೆಳಗೆ ವೈರಿ ಇದ್ದನಾ?"

ಕೇಳಿದ್ದು ನಮ್ಮ ಮಾಳಿಗೆ ಮೇಲೆ ಬಾಡಿಗೆಗೆ ಇರುವ ಹುಡುಗಿ. ಒಡಿಶಾದವಳು, ವಿಜಯಪುರಕ್ಕೆ ನರ್ಸ್ ಕೆಲಸಕ್ಕೆ ಬಂದು ಎಂಟು ತಿಂಗಳಾಯಿತು. ದಿನಾ ಹತ್ತು ಕನ್ನಡ ಪದ ಬರೆದು ಕಲಿಯುತ್ತಾಳೆ. ಇಲ್ಲೇ ವರ್ಷಗಟ್ಟಲೆ ಇದ್ದೂ ಒಂದಕ್ಷರ ಕಲಿಯದವರನ್ನು ನೋಡಿದ ನನಗೆ ಇವಳ ಮೇಲೆ ಜಾಸ್ತಿ ಪ್ರೀತಿ.

ಸಿಂದಗಿ ಕಡೆ ಇರುವ ಚಿಗವ್ವನ ಊರಿಗೆ ಕರೆದುಕೊಂಡು ಹೋಗಿದ್ದೆ. ಚಿಗವ್ವ ಅಂಗಳ ತೋರಿಸಿ, "ಇಲ್ಲೇ ನಮ್ಮ ಹಗೇವು ಇತ್ತು" ಅಂದಳು. ಹುಡುಗಿಯ ನೋಟ್‌ಬುಕ್ಕಿನಲ್ಲಿ ಹಗೆ ಅಂದ್ರೆ ವೈರಿ. ಅದಕ್ಕೇ ಚಿಗವ್ವನಿಗೆ ಆ ಪ್ರಶ್ನೆ. ತಪ್ಪೇನಿಲ್ಲ. ಆದರೆ ಹಗೆಗೆ ಇನ್ನೊಂದು ಅರ್ಥವೂ ಇದೆ: ಕಾಳು ತುಂಬಿಡಲು ನೆಲದೊಳಗೆ ತೋಡಿದ ಗುಂಡಿ. ಅದೇ ನಮ್ಮ ಹಗೇವು.

"ವೈರಿ ಅಲ್ಲವ್ವಾ, ಜ್ವಾಳ ಇತ್ತು" ಅಂತ ಚಿಗವ್ವ ಕೈಯಲ್ಲೇ ಗಾಳಿಯಲ್ಲಿ ಹಗೇವು ತೋಡಿ ತೋರಿಸಿದಳು. ಬಾಯಿ ಸಣ್ಣದು, ಒಬ್ಬರು ಇಳಿಯುವಷ್ಟು. ಹೊಟ್ಟೆ ದೊಡ್ಡದು. ತಳಕ್ಕೆ, ಗೋಡೆಗೆ ಒಣಹುಲ್ಲು. ಒಳಗೆ ಬಿಳಿಜೋಳ. ಮೇಲೆ ಹೊಟ್ಟು, ಕಲ್ಲು, ಮಣ್ಣು. ಗಾಳಿ ಆಡದ ಕಡೆ ಹುಳ ಬದುಕುವುದಿಲ್ಲ. ಬರ ಬಿದ್ದ ವರ್ಷ ಆ ಜೋಳವೇ ಮನೆಯ ಜೀವ. ಆದರೆ ಬಾಯಿ ತೆರೆದ ಕೂಡಲೇ ಇಳಿಯುವಂತಿಲ್ಲ. ಕಾಳೂ ಉಸಿರಾಡುತ್ತದೆ, ಒಳಗೆ ಕೆಟ್ಟ ಗಾಳಿ ತುಂಬಿರುತ್ತದೆ. ಮೊದಲು ದೀಪ ಇಳಿಬಿಟ್ಟು ನೋಡಬೇಕು. ಆರಿತೋ, ದೂರ ನಿಲ್ಲಬೇಕು. ಅವಸರ ಮಾಡಿ ಇಳಿದವರು ಮೇಲೆ ಬಂದಿಲ್ಲ. ಇದನ್ನು ಹೇಳುವಾಗ ಚಿಗವ್ವನ ದನಿ ಸಣ್ಣಗಾಯಿತು.

"ಹಾಗಾದ್ರೆ ವೈರಿನೂ ಇದ್ದ, ಆಯೀ" ಅಂದಳು ಹುಡುಗಿ, ಮೆಲ್ಲಗೆ. ಯಾರೂ ಮಾತಾಡಲಿಲ್ಲ.

ವಾಪಸ್ ಬರುವಾಗ ಬಸ್ಸಿನಲ್ಲಿ ಅವಳಿಗೆ ಹೇಳಿದೆ. ಹಳಗನ್ನಡದ ಪಾಲ್ ಈಗ ಹಾಲು, ಪುಲಿ ಈಗ ಹುಲಿ. ವೈರಿ ಅನ್ನುವ ಹಗೆಯೂ ಮೊದಲು ಪಗೆ. ಕಾಳಿನ ಗುಂಡಿಗೆ ನಮ್ಮ ಪಕ್ಕದ ಮರಾಠಿಯವರು ಇವತ್ತಿಗೂ ಪೇವ್ ಅನ್ನುತ್ತಾರೆ. ಹಗೇವು, ಪೇವ್ ಎರಡೂ ಒಂದೇ ಮನೆಯ ಮಾತು ಅಂತ ನನಗನಿಸುತ್ತದೆ. ಕೇಳಿ ಅವಳ ಕಣ್ಣು ಅರಳಿತು.

ಚಿಗವ್ವನ ಹಗೇವು ಈಗ ಮುಚ್ಚಿದೆ. ಅದರ ಮೇಲೆ ಫರಸಿ, ಫರಸಿ ಮೇಲೆ ಬೈಕು. ನನ್ನ ಮಗನಿಗೆ ಈ ಪದವೇ ಗೊತ್ತಿಲ್ಲ. ನಾನು ಹೇಳಿಕೊಟ್ಟಿರಲಿಲ್ಲ.

ನಿನ್ನೆ ಹುಡುಗಿ ಮಾಳಿಗೆಯಿಂದ ಇಳಿದು ಬಂದಳು. "ಅಕ್ಕಾ, ದೀಪ ಇಳಿಬಿಡೋ ಹಗ್ಗಕ್ಕೆ ಬೇರೆ ಹೆಸರಿದೆಯಾ?" ನನಗೆ ಗೊತ್ತಿರಲಿಲ್ಲ. ಮಗನನ್ನೂ ಪಕ್ಕಕ್ಕೆ ಕೂರಿಸಿಕೊಂಡು ಚಿಗವ್ವನಿಗೆ ಫೋನ್ ಹಚ್ಚಿದೆ.