ಸಂತೆಯಲ್ಲಿ ಸಿಕ್ಕ ಮಿಮಿ ದೆರ್ಬಾ

ಕೆಲಸದ ಮೇಲೆ ಮೆಕ್ಸಿಕೋ ಸಿಟಿಗೆ ಬಂದ ಮೊದಲ ವರ್ಷ. ಭಾನುವಾರ ಬಂತೆಂದರೆ ಲಾ ಲಗುನಿಯಾ ಸಂತೆಗೆ ಹೋಗುತ್ತಿದ್ದೆ. ಹಳೇ ಗಡಿಯಾರ, ಗ್ರಾಮಫೋನ್ ಪ್ಲೇಟು, ಯಾರದೋ ಮದುವೆ ಫೋಟೋ, ಎಲ್ಲ ರಸ್ತೆ ಬದಿಯಲ್ಲೇ ಹರಡಿಕೊಂಡಿರುತ್ತವೆ. ಅವತ್ತು ಒಂದು ಕಡೆ ಶೂ ಡಬ್ಬಿ ತುಂಬ ಪೋಸ್ಟ್‌ಕಾರ್ಡುಗಳಿದ್ದವು. ಸುಮ್ನೆ ಒಂದೊಂದೇ ಸರಿಸುತ್ತಿದ್ದೆ. ಒಂದರ ಮೇಲೆ ಕೈ ನಿಂತುಬಿಟ್ಟಿತು.

ದೊಡ್ಡ ಟೋಪಿ, ಕತ್ತಿನಲ್ಲಿ ಮುತ್ತಿನ ಸರ. ಹೆಂಗಸು ನೇರವಾಗಿ ನನ್ನನ್ನೇ ನೋಡುತ್ತಿದ್ದಾಳೆ. ಕೆಳಗೆ ಬಿಳಿ ಅಕ್ಷರದಲ್ಲಿ ಹೆಸರು: ಮಿಮಿ ದೆರ್ಬಾ. ಕಾರ್ಡಿನ ಒಂದು ಮೂಲೆ ಮಡಿಚಿ ಬಿರುಕು ಬಿಟ್ಟಿತ್ತು. ಹಿಂದೆ ಪೆನ್ಸಿಲಿನಲ್ಲಿ ಬರೆದ ಎರಡು ಸಾಲು ಮಾಸಿ ಹೋಗಿತ್ತು. "ಹಾಡ್ತಿದ್ದವರು. ಸಿನಿಮಾನೂ ಮಾಡಿದ್ರು," ಎಂದರು ಮಾರುವವರು. ಚೌಕಾಸಿಗೆ ಮನಸ್ಸಾಗಲಿಲ್ಲ, ಕೇಳಿದಷ್ಟು ಕೊಟ್ಟೆ.

ಮೆಟ್ರೋದಲ್ಲಿ ಕೂತು ಫೋನಿನಲ್ಲಿ ಹುಡುಕಿದೆ. ಹುಡುಕುತ್ತಾ ನನ್ನ ಸ್ಟೇಷನ್ನೇ ದಾಟಿಹೋಗಿತ್ತು.

ಮೂಲ ಹೆಸರು ಮರಿಯಾ ಎರ್ಮಿನಿಯಾ ಪೆರೆಸ್ ದೆ ಲೆಯೋನ್. 1910ರ ದಶಕದಲ್ಲಿ ಸಂಗೀತ ನಾಟಕಗಳ ದೊಡ್ಡ ತಾರೆ. ದೇಶದಲ್ಲಿ ಕ್ರಾಂತಿಯ ಗಲಾಟೆ ಇನ್ನೂ ತಣ್ಣಗಾಗಿರಲಿಲ್ಲ. ಅಂಥ ಹೊತ್ತಿನಲ್ಲಿ, 1917ರಲ್ಲಿ, ಎನ್ರಿಕೆ ರೋಸಾಸ್ ಎಂಬ ಕ್ಯಾಮೆರಾಮನ್ ಜೊತೆ ಸೇರಿ ಅಸ್ತೆಕಾ ಫಿಲ್ಮ್ಸ್ ಎಂಬ ಕಂಪನಿ ಕಟ್ಟಿದರು. ಒಂದೇ ವರ್ಷದಲ್ಲಿ ಐದು ಚಿತ್ರ! ದುಡ್ಡಿನ ಜವಾಬ್ದಾರಿ ಹೊತ್ತರು, ಕಥೆ ಬರೆದರು, ನಟಿಸಿದರು. ಅದರಲ್ಲಿ 'ಲಾ ತಿಗ್ರೆಸಾ' ಇವರದೇ ನಿರ್ದೇಶನ ಎಂದು ಹೇಳುತ್ತಾರೆ. ಮೆಕ್ಸಿಕೋದ ಮೊದಲ ನಿರ್ದೇಶಕಿ ಎಂಬ ಹೆಸರು ಬಂದಿದ್ದು ಹಾಗೆ.

ಆ ಚಿತ್ರ ನೋಡೋಣವೆಂದರೆ ಅದು ಉಳಿದೇ ಇಲ್ಲ. ನಮ್ಮ ಮೊದಲ ಟಾಕಿ, 1934ರ 'ಸತಿ ಸುಲೋಚನ', ಅದೂ ಇಲ್ಲವಲ್ಲ. ಆ ಸಂಕಟ ನನಗೆ ಹೊಸದಲ್ಲ. ಆದರೆ ಇಲ್ಲಿ ಇನ್ನೊಂದು ವಿಷಯ ಮನಸ್ಸಿಗೆ ಚುಚ್ಚಿತು. ಊರೆಲ್ಲ ಈಕೆಯ ಹಾಡು ಕೇಳಲು ಟಿಕೆಟ್ ತೆಗೆಯುತ್ತಿತ್ತು. ಈಕೆ ತನ್ನ ದುಡಿಮೆ ಸುರಿದು ಕಟ್ಟಿದ ಚಿತ್ರಗಳಲ್ಲಿ ದನಿಯೇ ಇರಲಿಲ್ಲ. ಅವು ಮೂಕಿ.

ದನಿ ಬಂದಿದ್ದು 1932ರಲ್ಲಿ, 'ಸಾಂತಾ' ಚಿತ್ರದ ಜೊತೆ. ರೋಡ್ರಿಗೆಸ್ ಸಹೋದರರು ಫಿಲ್ಮಿನ ಮೇಲೆಯೇ ಧ್ವನಿ ಅಚ್ಚಾಗುವ ತಮ್ಮದೇ ಯಂತ್ರ ಮಾಡಿದ್ದರು. ಆ ಚಿತ್ರದಲ್ಲಿ ಮಿಮಿ ಇದ್ದಾರೆ, ಆದರೆ ವೇಶ್ಯಾಗೃಹ ನಡೆಸುವ ಯಜಮಾನಿಯಾಗಿ. ಆಮೇಲೆ ಉದ್ದಕ್ಕೂ ತಾಯಿ, ಶ್ರೀಮಂತ ಅಜ್ಜಿ, ಇಂಥವೇ. 1953ರಲ್ಲಿ ತೀರಿಕೊಂಡರು.

ಸಂಜೆ ಕಾರ್ಡನ್ನು ಮನೆ ಓನರ್ ಅಜ್ಜಿಗೆ ತೋರಿಸಿದೆ. ಕನ್ನಡಕ ಏರಿಸಿ ನೋಡಿ, "ಚೆಂದ ಇದ್ದಾಳೆ. ಯಾರಿವಳು?" ಎಂದರು. ಹೆಸರು ಹೇಳಿದೆ, ಹೊಳೆಯಲಿಲ್ಲ. "'ಉಸ್ತೇದೆಸ್ ಲೋಸ್ ರಿಕೋಸ್'ನಲ್ಲಿ ಬರುವ ಅಜ್ಜಿ," ಎಂದೆ.

"ದೋನ್ಯಾ ಚಾರಿತೋ!" ಅಜ್ಜಿ ಕುರ್ಚಿಯಿಂದ ಎದ್ದೇಬಿಟ್ಟರು.

1948ರ ಆ ಚಿತ್ರ ಇಲ್ಲಿ ಟೀವಿಯಲ್ಲಿ ಮತ್ತೆ ಮತ್ತೆ ಬರುತ್ತದೆ, ನಮ್ಮಲ್ಲಿ ರಾಜ್‌ಕುಮಾರ್ ಚಿತ್ರ ಬರುವ ಹಾಗೆ. ಫೋನಿನಲ್ಲಿ ಕೊನೆಯ ದೃಶ್ಯ ಹಾಕಿದೆ. ಅಜ್ಜಿ ಸಕ್ಕರೆ ಡಬ್ಬಿಗೆ ಕಾರ್ಡನ್ನು ಒರಗಿಸಿ, ಪಕ್ಕದಲ್ಲಿ ಫೋನ್ ಇಟ್ಟರು. ಕೋಟಿಗಟ್ಟಲೆ ದುಡ್ಡಿದ್ದ ಮುದುಕಿ ಒಂಟಿತನ ತಾಳಲಾರದೆ ಬಡವರ ವಠಾರಕ್ಕೆ ಬಂದು, ನನ್ನನ್ನೂ ಸೇರಿಸಿಕೊಳ್ಳಿ ಎಂದು ಕೇಳುತ್ತಾಳೆ.

"ಜೋರಾಗಿ ಇಡು," ಎಂದರು ಅಜ್ಜಿ.

ಇಟ್ಟೆ. ಮಿಮಿ ಮಾತಾಡುತ್ತಿದ್ದರು. ಒಂದೊಂದು ಮಾತಿಗೂ ಅಜ್ಜಿಯ ತುಟಿ ಜೊತೆಜೊತೆಗೇ ಆಡುತ್ತಿತ್ತು. ಮುಗಿದ ಮೇಲೆ ಕಾರ್ಡನ್ನು ಎತ್ತಿಕೊಂಡು, ಆ ಮಡಿಚಿದ ಮೂಲೆಯನ್ನು ಹೆಬ್ಬೆರಳಿನಿಂದ ತುಂಬಾ ಹೊತ್ತು ನೀವುತ್ತಿದ್ದರು.